ಮೆಟ್ಟಿಲಿಗೊಂದು ಗಣ: ಕಲ್ಪಿತ ಲೋಕದ ಸ್ತುತಿಪದವನ್ನು ಕಟ್ಟುವ ಬಗೆ

ಕಲ್ಪಿತ ಲೋಕವೊಂದನ್ನು ಕಟ್ಟಿ ಹೇಳುವ ಕಾದಂಬರಿಗಳಲ್ಲಿ ಓದುಗರು ಯಾವ ಸಂಕೋಚವೂ ಇಲ್ಲದೆ ಹಾರಿಸಿ ಮುಂದೆ ಹೋಗುವ ಭಾಗವೊಂದಿದ್ದರೆ ಅದು ಕತೆಯ ನಡುವೆ ಬರುವ ಸ್ತುತಿಪದ. ಅರಮನೆಯ ವರ್ಣನೆಯನ್ನು ಓದುತ್ತಾರೆ, ಊಟದ ವರ್ಣನೆಯನ್ನು ಓದುತ್ತಾರೆ; ಪೂಜಾರಿಯೊಬ್ಬ ಕೈಯೆತ್ತಿ ಹಾಡಲು ಶುರು ಮಾಡಿದ ಕೂಡಲೇ ಪುಟ ತಿರುವುತ್ತಾರೆ. ಹುಬ್ಬಳ್ಳಿಯಲ್ಲಿರುವ ನನ್ನ ಗೆಳೆಯರೊಬ್ಬರು ತಾವು ಬರೆಯುತ್ತಿದ್ದ ಇಂಥದೇ ಕಾದಂಬರಿಯ ಒಂದು ಅಧ್ಯಾಯವನ್ನು ಕಳೆದ ಮಳೆಗಾಲದಲ್ಲಿ ನನಗೆ ಓದಲು ಕೊಟ್ಟರು. ನೀರಿನ ದೇವತೆಯನ್ನು ಕುರಿತ 24 ಸಾಲುಗಳ ಸ್ತುತಿ ಅದರಲ್ಲಿತ್ತು. ‘ಜಲಸ್ವರೂಪಿಣಿ’ಯಿಂದ ಹಿಡಿದು ‘ಅನಂತಕರುಣಾಮಯಿ’ಯವರೆಗೆ ವಿಶೇಷಣಗಳೇ ತುಂಬಿದ್ದವು. ಎರಡನೆಯ ಸಾಲಿನಿಂದ ನಾನೂ ಹಾರಿಸಿದೆ ಎಂಬುದನ್ನು ಅವರಿಗೆ ಹೇಳಲೇಬೇಕಾಯಿತು. ಹಾಗಾದರೆ ಹೇಗೆ ಬರೆಯಬೇಕು ಎಂದು ಅವರು ಕೇಳಿದರು. ಆ ಪ್ರಶ್ನೆಗೆ ಕೊಟ್ಟ ಉತ್ತರವನ್ನೇ ಇಲ್ಲಿ ಸ್ವಲ್ಪ ವಿಸ್ತರಿಸಿ ಬರೆಯುತ್ತಿದ್ದೇನೆ.

ಗೆಳೆಯರು ಬರೆದದ್ದು ಕವಿತೆ. ಅವರಿಗೆ ಬೇಕಾಗಿದ್ದದ್ದು ವಿಧಿಯ ಹಾಡು. ಎರಡೂ ಬೇರೆ ಬೇರೆ. ಕವಿತೆಯನ್ನು ಒಬ್ಬರು ಓದುತ್ತಾರೆ. ವಿಧಿಯ ಹಾಡನ್ನು ಒಂದು ಕೆಲಸದ ಜೊತೆಗೆ ಹತ್ತು ಜನ ಸೇರಿ ಹೇಳುತ್ತಾರೆ, ಕೆಲಸ ಮುಗಿದಾಗ ಹಾಡೂ ಮುಗಿಯುತ್ತದೆ. ನಮ್ಮ ಕಡೆಯ ಮದುವೆಗಳಲ್ಲಿ ಸುರಗಿ ಸುತ್ತುವುದನ್ನು ನೋಡಿದವರಿಗೆ ಇದು ಕೂಡಲೇ ಹೊಳೆಯುತ್ತದೆ. ನಾಲ್ಕು ಮೂಲೆಗೆ ನಾಲ್ಕು ತಂಬಿಗೆ ಇಟ್ಟು, ಅವುಗಳ ಸುತ್ತ ನೂಲು ಸುತ್ತಿ, ನಡುವೆ ಮದುಮಕ್ಕಳನ್ನು ಕೂರಿಸಿ ನೀರು ಹಾಕುವಾಗ ಮುತ್ತೈದೆಯರು ಹಾಡುವ ಸೋಬಾನೆ ಪದದ ಉದ್ದವನ್ನು ನಿಶ್ಚಯಿಸುವುದು ಕವಿಯಲ್ಲ, ಆ ನೂಲು. ನೂಲು ಸುತ್ತುವವಳ ಕೈ ತಡವಾದರೆ ಇನ್ನೊಂದು ನುಡಿ ಸೇರುತ್ತದೆ, ಬೇಗ ಮುಗಿದರೆ ಎರಡು ನುಡಿ ಬಿಟ್ಟುಹೋಗುತ್ತವೆ, ಅದರ ಬಗ್ಗೆ ಯಾರೂ ತಕರಾರು ಮಾಡುವುದಿಲ್ಲ.

ಪ್ರಾಚೀನ ರೋಮಿನ ‘ಕಾರ್ಮೆನ್ ಆರ್ವಾಲೆ’ ಎಂಬ ಸ್ತುತಿಯ ವಿಷಯದಲ್ಲಿಯೂ ಇದೇ ಮಾತು ನಿಜವಾಗುತ್ತದೆ. ಹೊಲಗದ್ದೆಗಳ ಫಲವತ್ತತೆಗಾಗಿ ಪೂಜೆ ಸಲ್ಲಿಸುತ್ತಿದ್ದ ಪುರೋಹಿತರ ಗುಂಪೊಂದರ ಈ ಹಾಡು ಕ್ರಿಸ್ತಶಕ 218ರ ದಾಖಲೆಯನ್ನು ಕೆತ್ತಿದ ಶಾಸನದಲ್ಲಿದ್ದು, ಆ ಶಾಸನ 1778ರಲ್ಲಿ ರೋಮಿನಲ್ಲಿ ದೊರೆಯಿತು. ಹಾಡಿನ ಮಾತುಗಳು ಶಾಸನದ ಕಾಲಕ್ಕಿಂತ ಎಷ್ಟೋ ಹಳೆಯವು. ಪ್ರತಿಯೊಂದು ಸಾಲೂ ಮೂರು ಮೂರು ಸಲ ಬರುತ್ತದೆ, ಕೊನೆಯ ‘ತ್ರಿಯುಂಪೆ’ ಎಂಬ ಕೂಗು ಐದು ಸಲ. ಕಾಗದದ ಮೇಲೆ ಓದಿದರೆ ಬೇಸರ ಹುಟ್ಟಿಸುವ ಈ ಪುನರುಕ್ತಿಗೆ ಕಾರಣ ಆ ಶಾಸನದಲ್ಲೇ ಸಿಗುತ್ತದೆ: ಪುರೋಹಿತರು ಬಾಗಿಲು ಹಾಕಿಕೊಂಡು, ಉಡುಗೆಯನ್ನು ಮೇಲಕ್ಕೆ ಕಟ್ಟಿ, ಕೈಯಲ್ಲಿ ಪುಸ್ತಕ ಹಿಡಿದು, ಮೂರು ಹೆಜ್ಜೆಯ ಕುಣಿತ ಕುಣಿಯುತ್ತ ಇದನ್ನು ಹಾಡುತ್ತಿದ್ದರು. ಕೈಯಲ್ಲಿ ಪುಸ್ತಕ ಬೇಕಾಗಿತ್ತು ಎಂಬ ವಿವರ ನನಗೆ ಬಹಳ ಪ್ರಿಯವಾದದ್ದು. ತಮ್ಮದೇ ಹಾಡಿನ ಮಾತು ಅವರ ಬಾಯಿಗೆ ಅಷ್ಟು ದೂರವಾಗಿತ್ತು.

ಆದ್ದರಿಂದ ಕಲ್ಪಿತ ಲೋಕಕ್ಕೆ ಸ್ತುತಿಪದ ಬರೆಯುವವರು ಮೊದಲು ಹಾಡನ್ನು ಮರೆತು ವಿಧಿಯನ್ನು ಬರೆದುಕೊಳ್ಳಬೇಕು. ಯಾರು, ಯಾವ ಹೊತ್ತಿನಲ್ಲಿ, ಕೈಯಲ್ಲಿ ಏನು ಹಿಡಿದು, ಎಲ್ಲಿಂದ ಎಲ್ಲಿಗೆ ಹೋಗುತ್ತಾರೆ? ಗೆಳೆಯರಿಗೆ ತೋರಿಸಲೆಂದು ನಾನೇ ಒಂದು ವಿಧಿಯನ್ನು ಕಲ್ಪಿಸಿದೆ. ಅದರ ಬೀಜ ಬಿದ್ದದ್ದು ಗದಗಿನಿಂದ ಹತ್ತು ಹನ್ನೆರಡು ಕಿಲೋಮೀಟರ್ ದೂರದ ಲಕ್ಕುಂಡಿಯಲ್ಲಿ. ಅಲ್ಲಿ ಮಾಣಿಕೇಶ್ವರ ಗುಡಿಯ ಮಗ್ಗುಲಿಗಿರುವ ಮುಸುಕಿನ ಬಾವಿಯ ಮೆಟ್ಟಿಲುಗಳನ್ನು ಇಳಿಯುವಾಗ, ಗೋಡೆಯ ಪುಟ್ಟ ಪುಟ್ಟ ಗೂಡುಗಳನ್ನು ದಾಟುತ್ತ ಹೋದಂತೆ, ಕಾಲು ತಾನಾಗಿಯೇ ಒಂದು ಲಯಕ್ಕೆ ಬೀಳುತ್ತದೆ.

ನನ್ನ ಕಲ್ಪನೆಯ ಅರೆನಾಡು ಕಲ್ಲುನೆಲದ ನಾಡು. ಅಲ್ಲಿರುವುದು ಒಂದೇ ಬಾವಿ. ಅದಕ್ಕೆ 33 ಮೆಟ್ಟಿಲು. ಹನ್ನೊಂದು ಮೆಟ್ಟಿಲಿಗೊಂದರಂತೆ ಎರಡು ಕಡೆ ನಿಲ್ಲಲು ಹಾಸುಗಲ್ಲುಗಳು. ವರ್ಷಕ್ಕೊಂದು ರಾತ್ರಿ ತಳದಲ್ಲಿ ನೀರು ಏಳುತ್ತದೆ. ಆ ರಾತ್ರಿ ಹೆಂಗಸರು ಕೊಡಗಳನ್ನು ಸೊಂಟದ ಮೇಲಿಟ್ಟುಕೊಂಡು ಇಳಿಯಬೇಕು. ದೀಪ ಒಯ್ಯುವಂತಿಲ್ಲ, ತಳದಲ್ಲಿರುವ ಅಕ್ಕ ಬೆಳಕು ಕಂಡರೆ ಒಳಸರಿಯುತ್ತಾಳೆ ಎಂಬುದು ಅವರ ನಂಬಿಕೆ. ದೀಪವಿಲ್ಲದೆ 33 ಮೆಟ್ಟಿಲನ್ನು ಇಳಿಯುವುದು ಹೇಗೆ? ಎಣಿಸಿಕೊಂಡು. ಎಣಿಕೆ ತಪ್ಪದಂತೆ ನೋಡಿಕೊಳ್ಳುವುದು ಹಾಡು. ಇಷ್ಟು ಬರೆದುಕೊಂಡ ಮೇಲೆ ಹಾಡಿನ ಅರ್ಧ ಭಾಗ ತಾನಾಗಿಯೇ ತಯಾರಾಗಿರುತ್ತದೆ:

ಇಳಿದೇವ ಇಳಿದೇವ ಪಳಿಯಿಲ್ಲ ಪಗೆಯಿಲ್ಲ
ತಳದಕ್ಕ ನಿನ್ನ ಕದ ತೆಗೆಯ | ಬಂದೀವಿ
ಬೆಳಕ ಮೇಲಿಟ್ಟು ಬರಿಗಾಲ್ಲೆ

ಬರಬಿದ್ದ ವರುಷಾಗ ಮರಬೇರ ಜಗಿದಾಗ
ಸೆರಗಿನಾ ನೂಲ ನೆನೆಸೀದಿ | ತಳದಕ್ಕ
ಮರೆತೀವಿ ಎಂದು ಮುನಿಬ್ಯಾಡ

ಕೊಡಕೊಂದು ಬೊಗಸೀಯ ನುಡಿಗೊಂದು ಪನಿಯನ್ನ
ಕೊಡು ಅಕ್ಕ ನಿನ್ನ ಮಡಿಲಿಂದ | ತಳದಾಗ
ಪಿಡಿಯಷ್ಟು ನಿನಗೆ ಇರಲಕ್ಕ

ಇದು ತ್ರಿಪದಿ, ನಮ್ಮ ಬೀಸುವ ಕಲ್ಲಿನ ಮುಂದೆ, ತೊಟ್ಟಿಲ ಮುಂದೆ ಶತಮಾನಗಳಿಂದ ಬಾಳಿ ಬಂದಿರುವ ಛಂದಸ್ಸು. ಕುಮಾರವ್ಯಾಸನ ಭಾಮಿನಿ ಷಟ್ಪದಿಯಲ್ಲಿ ಮಾತ್ರೆಗಳನ್ನು ಎಣಿಸಿ ಮೂರು ನಾಲ್ಕು, ಮೂರು ನಾಲ್ಕು ಎಂದು ಕೂಡಿಸಬಹುದು. ತ್ರಿಪದಿ ಮೂಲತಃ ಅಂಶಗಣದ್ದು, ಹಾಡುವ ದನಿಗೆ ತಕ್ಕಂತೆ ಅದರ ಗಣ, ಎಂದರೆ ಲಯದ ಒಂದು ಹೆಜ್ಜೆಯಷ್ಟು ಅಕ್ಷರಗಳ ಗುಂಪು, ಹಿಗ್ಗುತ್ತದೆ, ಕುಗ್ಗುತ್ತದೆ. ಮೊದಲ ಎರಡು ಸಾಲಿಗೆ ನಾಲ್ಕು ನಾಲ್ಕು, ಮೂರನೆಯದಕ್ಕೆ ಮೂರು, ಒಟ್ಟು ಹನ್ನೊಂದು ಗಣ. ಅವುಗಳಲ್ಲಿ ಆರನೆಯದೂ ಹತ್ತನೆಯದೂ ಚಿಕ್ಕವು, ಉಳಿದವು ದೊಡ್ಡವು. ಮೇಲಿನ ಮೊದಲ ನುಡಿಯನ್ನು ಬಿಡಿಸಿ ನೋಡಿ: ‘ಇಳಿದೇವ’, ‘ಇಳಿದೇವ’, ‘ಪಳಿಯಿಲ್ಲ’, ‘ಪಗೆಯಿಲ್ಲ’ ಎಂದು ನಾಲ್ಕು ಸಮನಾದ ಹೆಜ್ಜೆ, ಆಮೇಲೆ ‘ತಳದಕ್ಕ’ ಎಂಬ ಐದನೆಯದು, ಆರನೆಯದಾದ ‘ನಿನ್ನ’ ಎಂಬಲ್ಲಿ ಹೆಜ್ಜೆ ಚಿಕ್ಕದಾಗುತ್ತದೆ, ಹತ್ತನೆಯದಾದ ‘ಲಿಟ್ಟು’ ಎಂಬಲ್ಲಿ ಮತ್ತೆ ಚಿಕ್ಕದಾಗುತ್ತದೆ. ಅರೆನಾಡಿನ ಬಾವಿಯಲ್ಲಿ ಪ್ರತಿ ಹನ್ನೊಂದು ಮೆಟ್ಟಿಲುಗಳ ಪೈಕಿ ಆರನೆಯದೂ ಹತ್ತನೆಯದೂ ಅಗಲದಲ್ಲಿ ಕಡಿಮೆ. ಮೆಟ್ಟಿಲಿಗೊಂದು ಗಣ, ಹಾಸುಗಲ್ಲಿಗೊಂದು ನುಡಿ. ಕತ್ತಲಲ್ಲಿ ಪಾದ ಎಲ್ಲಿ ಕಿರಿದಾಗಬೇಕು ಎಂಬುದನ್ನು ಬಾಯಿ ಮುಂಚಿತವಾಗಿ ಹೇಳಿಬಿಡುತ್ತದೆ. ಕಟ್ಟಿದವರು ಹಾಡು ಕೇಳಿ ಬಾವಿ ತೋಡಿದರೋ, ಬಾವಿ ಇಳಿದವರು ಕಾಲಿಗೆ ತಕ್ಕ ಹಾಡು ಕಟ್ಟಿದರೋ ಎಂಬುದನ್ನು ಕಾದಂಬರಿ ಹೇಳಬೇಕಾದ ಅಗತ್ಯವಿಲ್ಲ. ನಮ್ಮ ಹೆಂಗಸರು ತ್ರಿಪದಿಯನ್ನು ಹಾಡುವಾಗ ಎರಡನೆಯ ಸಾಲಿನ ಒಂದು ಭಾಗವನ್ನು ಮತ್ತೆ ಎತ್ತಿಕೊಳ್ಳುವ ರೂಢಿಯುಂಟು. ಅರೆನಾಡಿನಲ್ಲಿ ಇಳಿಯುವಾಗ ಅದು ನಿಷಿದ್ಧ, ಎಣಿಕೆ ತಪ್ಪುತ್ತದೆ. ಹತ್ತುವಾಗ ಮಾತ್ರ ಎಷ್ಟು ಸಲ ಬೇಕಾದರೂ ತಿರುಗಿಸಿ ಹಾಡಬಹುದು.

ಸಾಲುಗಳ ಎರಡನೆಯ ಅಕ್ಷರವನ್ನೂ ಗಮನಿಸಬೇಕು. ಇಳಿ, ತಳ, ಬೆಳಕು. ಬರ, ಸೆರಗು, ಮರೆ. ಕೊಡ, ಕೊಡು, ಪಿಡಿ. ಇದು ಆದಿಪ್ರಾಸ. ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ದ ಕಾಲಕ್ಕಾಗಲೇ ಕನ್ನಡಕ್ಕೆ ಇದು ಸಹಜ ಆಭರಣವಾಗಿತ್ತು. ಸಾಲಿನ ಕೊನೆಯಲ್ಲಿ ಪ್ರಾಸ ಹಾಕಿದರೆ ಹಾಡು ಶಾಲೆಯ ಪದ್ಯದಂತೆ ಕೇಳಿಸುತ್ತದೆ, ಆರಂಭದಲ್ಲಿ ಹಾಕಿದರೆ ಹಳೆಯದಾಗಿ ಕೇಳಿಸುತ್ತದೆ; ಅಲ್ಲದೆ ಮರೆಯುವವರಿಗೆ ಮುಂದಿನ ಸಾಲನ್ನು ಹಿಡಿದುಕೊಡುವ ಕೊಕ್ಕೆಯೂ ಅದೇ.

ಮೂರು ನುಡಿಗಳಿಗೆ ಮೂರು ಕೆಲಸ. ಮೊದಲನೆಯದು ಕರೆಯುತ್ತದೆ, ಎರಡನೆಯದು ಹಿಂದೆ ಮಾಡಿದ ಉಪಕಾರವನ್ನು ನೆನಪಿಸುತ್ತದೆ, ಮೂರನೆಯದು ಬೇಡುತ್ತದೆ. ಗ್ರೀಕರ ಸ್ತುತಿಗಳನ್ನು ಅಭ್ಯಾಸ ಮಾಡಿದವರು ಇದೇ ಮೂರು ಅಂಗಗಳನ್ನು ಗುರುತಿಸಿದ್ದಾರೆ. ಹೊಸ ಬರಹಗಾರರು ಸಾಮಾನ್ಯವಾಗಿ ಕೈಬಿಡುವುದು ನಡುವಿನದನ್ನು. ಕತೆಗೆ ಹೆಚ್ಚು ಉಪಯುಕ್ತವಾದದ್ದೂ ಅದೇ. ದೇವತೆ ಕರುಣಾಮಯಿ ಎಂದು ಹೇಳಿದರೆ ಓದುಗನಿಗೆ ಆ ಲೋಕದ ಬಗ್ಗೆ ಏನೂ ತಿಳಿಯುವುದಿಲ್ಲ. ಬರಗಾಲದ ಒಂದು ವರ್ಷ ಸೆರಗಿನ ನೂಲು ನೆನೆಯುವಷ್ಟು ಮಾತ್ರ ನೀರು ಎದ್ದಿತ್ತು, ಅದನ್ನೇ ಉಪಕಾರವೆಂದು ಜನ ಇಂದಿಗೂ ನೆನೆಯುತ್ತಾರೆ ಎಂದರೆ ಒಂದು ನಾಡಿನ ಚರಿತ್ರೆಯೇ ಮೂರು ಸಾಲಿಗೆ ಇಳಿಯುತ್ತದೆ. ಬೇಡಿಕೆಯೂ ಸಣ್ಣದಾಗಿರಬೇಕು, ಅಳತೆಯುಳ್ಳದ್ದಾಗಿರಬೇಕು. ಸಕಲ ಸಂಪದವನ್ನು ಕೇಳುವವರು ಏನನ್ನೂ ಕೇಳಿದಂತಾಗುವುದಿಲ್ಲ. ಈ ಹೆಂಗಸರು ಕೇಳುವುದು ಕೊಡಕ್ಕೊಂದು ಬೊಗಸೆ. ಆಮೇಲೆ, ನಿನಗೂ ಒಂದು ಹಿಡಿ ಉಳಿಯಲಿ ಎನ್ನುತ್ತಾರೆ.

ಕರೆಯುವ ಬಗೆಯಲ್ಲಿ ಕನ್ನಡ ನಮಗೆ ಒದಗಿಸುವ ಸೂಕ್ಷ್ಮವೊಂದಿದೆ. ಧಾರವಾಡದಲ್ಲಿ ‘ರೀ’ ಹಚ್ಚದೆ ನಾವು ಮಾತಾಡುವುದು ಕಡಿಮೆ. ಚಹಾದ ಅಂಗಡಿಯಲ್ಲಿ ಅಪರಿಚಿತನಿಗೂ ‘ಬರ್ರಿ’, ‘ಕೂಡ್ರಿ’ ಎನ್ನುತ್ತೇವೆ. ಆದರೆ ಎಲ್ಲವ್ವನಿಗೆ, ಬಸವಣ್ಣನಿಗೆ ಯಾರೂ ‘ರೀ’ ಹಚ್ಚುವುದಿಲ್ಲ. ದೇವರು ‘ನೀನು’, ತಹಶೀಲ್ದಾರರು ‘ನೀವು’. ಕಲ್ಪಿತ ಲೋಕದಲ್ಲಿ ಯಾರಿಗೆ ಏಕವಚನ, ಯಾರಿಗೆ ಬಹುವಚನ ಎಂದು ನಿಶ್ಚಯಿಸಿದರೆ ಆ ಜನಕ್ಕೆ ಯಾರು ಹತ್ತಿರದವರು, ಯಾರ ಅಂಜಿಕೆ ಎಂಬುದನ್ನು ಬೇರೆಯಾಗಿ ವಿವರಿಸಬೇಕಾಗಿಲ್ಲ. ಅರೆನಾಡಿನವರು ನೀರನ್ನು ತಾಯಿ ಎನ್ನದೆ ಅಕ್ಕ ಎನ್ನುವುದೂ ಯೋಚಿಸಿ ಮಾಡಿದ್ದೇ. ತಾಯಿ ಕೊಡಲೇಬೇಕು, ಅಕ್ಕ ಗಂಡನ ಮನೆಗೆ ಹೋದವಳು, ಕೊಟ್ಟರೆ ಕೊಟ್ಟಾಳು, ಅವಳ ಮನೆಯ ಕದ ಬಡಿಯುವಾಗ ತಂಗಿಯರಿಗೂ ಸ್ವಲ್ಪ ಸಂಕೋಚ ಇರುತ್ತದೆ.

ಇನ್ನು ಎಲ್ಲಕ್ಕಿಂತ ಮುಖ್ಯವೆಂದು ನಾನು ಭಾವಿಸುವ ವಿಷಯಕ್ಕೆ ಬರುತ್ತೇನೆ: ಸವೆತ. ನಿಜವಾದ ವಿಧಿಯ ಹಾಡುಗಳಲ್ಲಿ ಅರ್ಥವಾಗದ ಮಾತುಗಳಿರುತ್ತವೆ, ಅವು ಯಾರೋ ಬೇಕೆಂದು ಸೇರಿಸಿದ ವಿಚಿತ್ರ ಶಬ್ದಗಳಲ್ಲ, ಬಹಳ ಬಾಯಿಗಳಲ್ಲಿ ಹಾದು ಸವೆದ ಮಾತುಗಳು. ಸೀಗಿ ಹುಣ್ಣಿವೆಯ ದಿನ ಹೊಲಕ್ಕೆ ಚರಗ ಚೆಲ್ಲಲು ಹೋದವರು ಇದನ್ನು ಬಲ್ಲರು. ಮುಂದೆ ಒಬ್ಬರು ಬುಟ್ಟಿಯಿಂದ ಕಡಬು, ಪುಂಡಿಪಲ್ಯ, ಅನ್ನ ಕಲಸಿದ ಚರಗವನ್ನು ಬೆಳೆಯ ಮೇಲೆ ಎರಚುತ್ತ ‘ಹುಲ್ಲುಲ್ಲಿಗೋ’ ಎಂದು ಕೂಗುತ್ತಾರೆ, ಹಿಂದೆ ತಂಬಿಗೆಯಿಂದ ನೀರು ಹಾಕುತ್ತ ಬರುವವರು ‘ಚಲ್ಲಾಂಬ್ರಿಗೋ’ ಎಂದು ಓ ಕೊಡುತ್ತಾರೆ. ಊರೂರಿಗೆ ಈ ಕೂಗು ಬೇರೆಯಾಗುತ್ತದೆ. ಕೆಲವರು ಅದರಲ್ಲಿ ಅಂಬಲಿಯನ್ನು ಕಾಣುತ್ತಾರೆ, ಕೆಲವರು ಹುಲಿಯನ್ನು. ನಾನು ಹುಡುಗನಿದ್ದಾಗ ತಂಬಿಗೆ ಹಿಡಿದು ಹಿಂದೆ ನಡೆಯುತ್ತ ಇದರ ಅರ್ಥವೇನೆಂದು ನಮ್ಮ ಆಯಿಯನ್ನು ಕೇಳಿದ್ದೆ. ಆಕೆ ತಿರುಗಿಯೂ ನೋಡದೆ, “ಅರ್ಥ ಆಮ್ಯಾಲ ಕೇಳಾಕಂತಿ, ಈಗ ಜೋರಾಗಿ ಒದರು, ನೀರ ಮುಗಿಯಾಕ ಬಂತು” ಎಂದಿದ್ದಳು.

ಮೈಲಾರಲಿಂಗನ ಭಕ್ತರು ‘ಏಳುಕೋಟಿ ಏಳುಕೋಟಿಗೋ ಚಾಂಗಮಲೋ’ ಎನ್ನುತ್ತಾರೆ. ಮಹಾರಾಷ್ಟ್ರದ ಜೇಜುರಿಯಲ್ಲಿ ಖಂಡೋಬನ ಭಕ್ತರು ‘ಯೇಳಕೋಟ ಯೇಳಕೋಟ ಜಯ ಮಲ್ಹಾರ’ ಎನ್ನುತ್ತಾರೆ. ನಮ್ಮ ‘ಏಳು’ ಅವರ ಬಾಯಲ್ಲಿ ಕುಳಿತಿದೆ, ಮರಾಠಿಯ ‘ಚಾಂಗಭಲ’ವನ್ನು ನೆನಪಿಸುವ ಮಾತು ನಮ್ಮ ಬಾಯಲ್ಲಿ ಕುಳಿತಿದೆ, ಕೂಗುವವರಿಗೆ ಇದರಿಂದ ಯಾವ ತೊಂದರೆಯೂ ಆಗಿಲ್ಲ. ಸಾಮಗಾನದಲ್ಲಿಯಂತೂ ಋಕ್ಕುಗಳ ನಡುವೆ ‘ಹಾಉ’, ‘ಔಹೋವಾ’ ಎಂಬ ಅರ್ಥರಹಿತ ಅಕ್ಷರಗಳಿಗೆ ಸ್ತೋಭ ಎಂಬ ಹೆಸರೇ ಇದೆ.

ಹಾಗಾಗಿ ಕಲ್ಪಿತ ಹಾಡಿಗೆ ಒಂದು ನಿಗೂಢ ಶಬ್ದ ಬೇಕಿದ್ದರೆ ಅದನ್ನು ಸುಮ್ಮನೆ ಹುಟ್ಟಿಸಬಾರದು. ಅರ್ಥವುಳ್ಳ ಮಾತೊಂದನ್ನು ತೆಗೆದುಕೊಂಡು ಸವೆಸಬೇಕು. ಅರೆನಾಡಿನ ಹೆಂಗಸರು ಕೊಡ ತುಂಬಿಕೊಂಡು ಮೇಲೆ ಹತ್ತುವಾಗ ‘ರೇಳಂಬೋ, ರೇಳಂಬೋ’ ಎಂಬ ಸೊಲ್ಲನ್ನು ಹೇಳುತ್ತಾರೆ. ಮೂಲದಲ್ಲಿ ಅದು ‘ನೀರೇ, ಏಳು ಎಂಬೆವು’ ಎಂಬ ವಾಕ್ಯವಾಗಿತ್ತು. ಬೇಗ ಬೇಗ ಹೇಳಿದಾಗ ‘ನೀರೇಳಂಬೋ’ ಆಯಿತು. ಮುಂದಿನವಳು ಸೊಲ್ಲು ಎತ್ತಿದ ಒಂದು ಗಳಿಗೆಯ ಮೇಲೆ ಹಿಮ್ಮೇಳ ಸೇರಿಕೊಳ್ಳುವುದರಿಂದ ಮೊದಲ ಅಕ್ಷರ ಹಿಂದಿನವರಿಗೆ ಕೇಳಿಸಲೇ ಇಲ್ಲ. ಎರಡು ಮೂರು ತಲೆಮಾರಿನಲ್ಲಿ ಅದು ಬಿದ್ದುಹೋಯಿತು. ಈಗ ಅಲ್ಲಿನ ಮಕ್ಕಳು ರೇಳಂಬೋ ಎಂದರೆ ತಳದಕ್ಕನ ಗಂಡನ ಹೆಸರು ಎಂದು ನಂಬಿದ್ದಾರೆ, ಪೂಜಾರಿಗಳು ಅದಕ್ಕೆ ಒಂದು ಕತೆಯನ್ನೂ ಕಟ್ಟಿದ್ದಾರೆ. ಬರಹಗಾರನಿಗೆ ಈ ಸವೆತದ ದಾರಿ ಗೊತ್ತಿರಬೇಕು. ಓದುಗನಿಗೆ ಹೇಳಬೇಕಾಗಿಲ್ಲ. ಹೇಳದಿದ್ದರೂ ಆ ಶಬ್ದದಲ್ಲಿ ಕನ್ನಡದ ಕಿವಿಗೆ ಏನೋ ಪರಿಚಯದ ಗುರುತು ಹತ್ತುತ್ತದೆ, ಅಷ್ಟು ಸಾಕು.

ಸವೆತದ ಜೊತೆಗೇ ಅದಕ್ಕೆ ವಿರುದ್ಧವಾದ ಇನ್ನೊಂದು ನಡೆಯುತ್ತದೆ: ದಿನಬಳಕೆಯಲ್ಲಿ ಮರೆಯಾದ ರೂಪ ಹಾಡಿನಲ್ಲಿ ಉಳಿದುಬಿಡುತ್ತದೆ. ಹಳಗನ್ನಡದಲ್ಲಿ ಪಕಾರದಿಂದ ಆರಂಭವಾಗುತ್ತಿದ್ದ ಎಷ್ಟೋ ಮಾತುಗಳು ನಡುಗನ್ನಡದ ಹೊತ್ತಿಗೆ ಹಕಾರಕ್ಕೆ ತಿರುಗಿದವು; ಪಾಲು ಹಾಲಾಯಿತು, ಪಾಡು ಹಾಡಾಯಿತು. ಅರೆನಾಡಿನವರ ದಿನದ ಮಾತು ನಮ್ಮದರಂತೆಯೇ ಹಳಿ, ಹಗೆ, ಹನಿ, ಹಿಡಿ. ಬಾವಿಯ ಮೆಟ್ಟಿಲ ಮೇಲೆ ಮಾತ್ರ ಅವು ಪಳಿ, ಪಗೆ, ಪನಿ, ಪಿಡಿ. ಮೂರು ನುಡಿಗಳಿಗೆ ಇಂಥ ನಾಲ್ಕೇ ಮಾತು ಸಾಕು. ಇಡೀ ಹಾಡನ್ನು ಹಳಗನ್ನಡದಲ್ಲಿ ಬರೆದರೆ ಅದು ಪಂಡಿತರ ಹಾಡಾಗುತ್ತದೆ, ನೀರು ತರುವವರದಾಗುವುದಿಲ್ಲ.

ಮೌನವೂ ಹಾಡಿನ ಭಾಗವೇ. ಹಾವೇರಿ ಜಿಲ್ಲೆಯ ದೇವರಗುಡ್ಡದಲ್ಲಿ ನವರಾತ್ರಿಯ ಸಮಯದಲ್ಲಿ ಕಾರಣಿಕ, ಎಂದರೆ ಭವಿಷ್ಯ ನುಡಿಯುವ ವಿಧಿ, ನಡೆಯುತ್ತದೆ. ಗೊರವಯ್ಯ ಬಿಲ್ಲನ್ನೇರಿ ‘ಸದ್ದಲೇ’ ಎಂದು ಕೂಗುತ್ತಾನೆ; ಅಷ್ಟು ದೊಡ್ಡ ಜಾತ್ರೆ ಒಮ್ಮೆಲೇ ಉಸಿರು ಹಿಡಿಯುತ್ತದೆ; ಒಂದೇ ಒಂದು ಸಾಲು ಬರುತ್ತದೆ; ಆಮೇಲೆ ಆ ಸಾಲಿನಲ್ಲಿ ಮಳೆ ಎಲ್ಲಿದೆ, ಬೆಳೆ ಎಲ್ಲಿದೆ, ರಾಜಕೀಯ ಎಲ್ಲಿದೆ ಎಂದು ಜನ ವಾರಗಟ್ಟಲೆ ಚರ್ಚಿಸುತ್ತಾರೆ. ಆ ಸಾಲಿಗೆ ತೂಕ ಬರುವುದು ಅದರ ಮುಂಚಿನ ಸದ್ದಿಲ್ಲದ ಗಳಿಗೆಯಿಂದ. ಅರೆನಾಡಿನಲ್ಲಿಯೂ ಮೂವತ್ತನೆಯ ಮೆಟ್ಟಿಲಿನಲ್ಲಿ ಎಲ್ಲರೂ ಹಾಡು ನಿಲ್ಲಿಸುತ್ತಾರೆ. ಆ ವರ್ಷ ಮೊದಲ ಸಲ ಇಳಿದ ಹುಡುಗಿಯನ್ನು ಮುಂದೆ ಬಿಡುತ್ತಾರೆ. ಕೊನೆಯ ಸಾಲಿನ ಮೂರು ಗಣಗಳನ್ನು, ಕೊನೆಯ ಮೂರು ಮೆಟ್ಟಿಲುಗಳ ಮೇಲೆ, ಅವಳೊಬ್ಬಳೇ ಹೇಳಬೇಕು.

ಗೆಳೆಯರಿಗೆ ಇಷ್ಟು ಹೇಳಿದಾಗ ಅವರು ಕೇಳಿದ ಪ್ರಶ್ನೆ ಸರಿಯಾಗಿತ್ತು: ತಪ್ಪಿದರೆ? ವಿಧಿಯಿದ್ದಲ್ಲಿ ತಪ್ಪಿಗೂ ಒಂದು ವಿಧಿ ಇರುತ್ತದೆ. ರೋಮನರಲ್ಲಿ ಪೂಜೆಯ ನಡುವೆ ಲೋಪವಾದರೆ ಅದನ್ನು ಮೊದಲಿನಿಂದ ಮತ್ತೆ ಮಾಡುವ ಪದ್ಧತಿಯಿತ್ತು. ಅರೆನಾಡಿನಲ್ಲಿ ಒಂದು ಗಣ ತಪ್ಪಿದರೂ ಎಲ್ಲರೂ ಮೇಲೆ ಹತ್ತಿ, ಮೊದಲ ಮೆಟ್ಟಿಲಿನಿಂದ ಮತ್ತೆ ಇಳಿಯಬೇಕು. ಬೆಳಗಾದರೆ ಆ ವರ್ಷಕ್ಕೆ ಮುಗಿಯಿತು. ಕತೆಗಾರನಿಗೆ ಹಾಡು ಉಪಯೋಗಕ್ಕೆ ಬರುವುದು ಇಲ್ಲಿ.

ಮೂರು ವಾರದ ಮೇಲೆ ಅವರು ಅಧ್ಯಾಯವನ್ನು ಹೊಸದಾಗಿ ಬರೆದು ಕಳಿಸಿದರು. 24 ಸಾಲಿನ ಸ್ತುತಿ ಹೋಗಿ ಈ ಒಂಬತ್ತು ಸಾಲು ಬಂದಿದ್ದವು. ಹುಡುಗಿ ಮೂವತ್ತೊಂದನೆಯ ಮೆಟ್ಟಿಲ ಮೇಲೆ ಕಾಲಿಟ್ಟು, ‘ಪಿಡಿಯಷ್ಟು’ ಎನ್ನಬೇಕಾದಲ್ಲಿ, ದಿನವೂ ಆಡುವ ಮಾತಿನ ರೂಢಿಯಿಂದ ‘ಹಿಡಿ’ ಎಂದುಬಿಟ್ಟಳು. ಹಿಂದಿದ್ದವಳಿಗೆ ಅದು ಹಾಡಾಗಿ ಕೇಳಿಸಲಿಲ್ಲ. ಹುಡುಗಿ ಬೀಳುತ್ತಿದ್ದಾಳೆ, ಹಿಡಿದುಕೋ ಎನ್ನುತ್ತಿದ್ದಾಳೆ ಎಂದು ಅವಳು ಕತ್ತಲಲ್ಲಿ ಕೈಚಾಚಿದಳು. ಎಣಿಕೆ ತಪ್ಪಿ ಅವಳ ಪಾದ ಕಿರಿದಾದ ಮೂವತ್ತೆರಡನೆಯ ಮೆಟ್ಟಿಲಿನ ಅಂಚಿಗೆ ಬಿತ್ತು, ಸೊಂಟದ ಕೊಡ ಜಾರಿ ಉರುಳಿತು. ಎಲ್ಲರೂ ನಿಂತಲ್ಲೇ ನಿಂತು, ಕೊಡ ಬೀಳುವುದು ನೀರಿಗೋ ಕಲ್ಲಿಗೋ ಎಂದು ಕಿವಿಗೊಟ್ಟರು.